ಸ್ಲೇಟಿನಲ್ಲಿ ಖಾಲಿ ಬಿಟ್ಟ ಜಾಗ

ಕಾಮಯಗೌಂಡನ್‌ಪಟ್ಟಿ,
12 ಫೆಬ್ರವರಿ 2025, ಬುಧವಾರ

ನನ್ನ ಕಣ್ಣೇ ಜೆಯಂತಿ,

ಹೇಗಿದ್ದೀಯ ಕೂಸೇ? ಸೊಂಟದ ನೋವು ಇಳಿಯಿತೇ? ಮಗು ಹಾಲು ಸರಿಯಾಗಿ ಕುಡಿಯುತ್ತಿದೆಯೇ, ಇಲ್ಲ ಮೊದಲ ವಾರದ ಹಾಗೆ ಎರಡು ಗುಟುಕಿಗೇ ನಿದ್ದೆ ಹೋಗುತ್ತಿದೆಯೇ? ಹಾಗಾದರೆ ಅಂಗಾಲನ್ನು ಬೆರಳಿನಿಂದ ಮೆಲ್ಲಗೆ ತಟ್ಟು, ಎಚ್ಚರವಾಗುತ್ತದೆ. ನಿನ್ನನ್ನೂ ಹಾಗೇ ತಟ್ಟಿ ಕುಡಿಸುತ್ತಿದ್ದೆ. ದಿಂಡಿಗಲ್ಲಿನ ಗಾಳಿ ಈ ತಿಂಗಳು ಒಣ, ತಲೆಗೆ ಬಟ್ಟೆ ಕಟ್ಟದೆ ಬಾಗಿಲಲ್ಲಿ ನಿಲ್ಲಬೇಡ. ನಿನ್ನ ಅತ್ತೆ ಓಚ್ಚಮ್ಮಾಳ್ ಅವರ ಮಂಡಿಗೆ ನಾನು ಕೊಟ್ಟು ಬಂದ ಎಣ್ಣೆ ಹಿಡಿಸಿತೇ ಕೇಳು. ದೊಡ್ಡವನು ಜೆಯರಾಜ್ ತಮ್ಮನನ್ನು ಚಿವುಟುವುದು ಬಿಟ್ಟನೇ? ಬಿಡದಿದ್ದರೆ ಬೈಯಬೇಡ. ನಾಲ್ಕು ವರ್ಷ ಒಬ್ಬನೇ ಇದ್ದವನು, ಮಡಿಲು ಹಂಚಿಕೊಳ್ಳಲು ಅವನಿಗೂ ಸ್ವಲ್ಪ ದಿನ ಬೇಕು.

ನಾನು ಚೆನ್ನಾಗಿದ್ದೇನೆ. ಕಾಗದದ ವಾಡಿಕೆಗೆ ಬರೆಯುತ್ತಿಲ್ಲ, ನಿಜವಾಗಿಯೂ ಚೆನ್ನಾಗಿದ್ದೇನೆ. ತೋಟದ ಮೇಲಿನ ಚಪ್ಪರದಲ್ಲಿ ಪನ್ನೀರ್ ದ್ರಾಕ್ಷಿ ಬಣ್ಣ ತಿರುಗಿದೆ. ಕೆಳಗಿನ ಚಪ್ಪರದ್ದು ಕೊಯ್ದಾಗಿದೆ, ನಾಳೆ ನಿಮ್ಮ ಊರಿಗೇ ಬರುತ್ತದೆ, ನಿನ್ನ ಅಣ್ಣ ರಾಮ್‌ಕುಮಾರ್ ವ್ಯಾನಿನಲ್ಲಿ ತರುತ್ತಾನೆ. ಈ ಕಾಗದವನ್ನೂ ಅವನ ಕೈಯಲ್ಲೇ ಕೊಡುತ್ತೇನೆ. ಅಂಟಿಸುವುದಿಲ್ಲ. ಅಂಟಿಸದಿದ್ದರೂ ಅವನಿಗೆ ಈ ಅಕ್ಷರ ಓದಲು ಬರುವುದಿಲ್ಲ. ಈಗಷ್ಟೇ ಹಾದುಹೋಗುತ್ತಾ ಅಮ್ಮ ಮತ್ತೆ ಜಿಲೇಬಿ ಸುತ್ತುತ್ತಿದ್ದಾಳೆ ಎಂದು ನಕ್ಕ. ಈ ಊರಿನಲ್ಲಿ ನಮ್ಮ ಮನೆಮಾತು ಕನ್ನಡ ಆಡುವ ಮನೆಗಳು ಎಷ್ಟೋ ಇವೆ. ಆದರೆ ಅದರ ಅಕ್ಷರ ಗೊತ್ತಿದ್ದವರು ನಾವು ಮೂವರೇ, ನಿನ್ನ ಅಪ್ಪ, ನಾನು, ನೀನು. ಅವರು ದ್ರಾಕ್ಷಿ ಲಾರಿ ಓಡಿಸಿಕೊಂಡು ಮೈಸೂರಿಗೆ ಹೋಗಿ ಬಂದು, ಅಲ್ಲಿನ ಮೈಲಿಗಲ್ಲು ಮತ್ತು ಅಂಗಡಿ ಬೋರ್ಡುಗಳಿಂದ ಕಲಿತದ್ದನ್ನು ನಮಗಿಬ್ಬರಿಗೂ ಸ್ಲೇಟಿನಲ್ಲಿ ತಿದ್ದಿಸಿದರು. ಈಗ ನಾವು ಇಬ್ಬರು. ನೀನೂ ನನ್ನ ಜೊತೆ ಮಾತು ಬಿಟ್ಟರೆ ಈ ಅಕ್ಷರಕ್ಕೆ ಊರಿಲ್ಲದಂತಾಗುತ್ತದೆ.

ಮೂರನೆಯ ತಾರೀಕು ನಾನು ಅಲ್ಲಿಂದ ಹೊರಟ ಮೇಲೆ ನೀನು ಫೋನ್ ಮಾಡಿಲ್ಲ. ಒಂಬತ್ತು ದಿನ. ನಾನೂ ಮಾಡಲಿಲ್ಲ. ಮಾಡಿದರೆ ಏನು ಹೇಳಬೇಕೋ ಅದು ಬಾಯಲ್ಲಿ ಬರುವ ಮಾತಲ್ಲ, ಅದಕ್ಕೇ ಬರೆಯುತ್ತಿದ್ದೇನೆ. ಅಂದು ಬೆಳಿಗ್ಗೆ ನೀನು ಮಗುವನ್ನು ನನ್ನ ಮಡಿಲಿಗೆ ಹಾಕಿ, ಇವನಿಗೆ ಅಪ್ಪನ ಹೆಸರೇ ಇಡುತ್ತೇವೆ, ಇಪ್ಪತ್ತೊಂದನೆಯ ತಾರೀಕು ಹೆಸರಿಡುವ ದಿನ ಕಿವಿಯಲ್ಲಿ ಮೂರು ಸಲ ಕೂಗುವವಳು ನೀನೇ ಅಂದೆ. ನಿನ್ನ ಮುಖದಲ್ಲಿ ಎಷ್ಟು ಸಂತೋಷ ಇತ್ತು ಎಂದು ನನಗೆ ಕಾಣಿಸಿತು. ಆದರೂ ನಾನು ಆ ಹೆಸರು ಬೇಡ, ಬೇರೆ ಏನಾದರೂ ಇಡಿ ಎಂದುಬಿಟ್ಟೆ. ನೀನು ಮಗುವನ್ನು ನನ್ನ ಮಡಿಲಿನಿಂದ ಎತ್ತಿಕೊಂಡು, "ಅಪ್ಪ ಹೋಗಿ ಹದಿನಾಲ್ಕು ತಿಂಗಳು. ಅಷ್ಟರಲ್ಲೇ ನಿನಗೆ ಬೇಡವಾದ್ರಾ ಅಮ್ಮಾ?" ಅಂದೆ. ಊರಿಗೆ ವಾಪಸು ಬರುವಾಗ ಬತ್ತಲಗುಂಡಿನಲ್ಲಿ ಬಸ್ಸು ನಿಂತಾಗ ಮಲ್ಲಿಗೆ ಮಾರುವವಳು ಕಿಟಕಿಗೆ ಬಂದು ಯಾಕೆ ಪಾಟ್ಟಿ, ಯಾಕಜ್ಜಿ ಅಳುತ್ತೀಯ ಎಂದು ಕೇಳಿದಳು. ಅಲ್ಲಿಯವರೆಗೆ ಅಳುತ್ತಿದ್ದೇನೆ ಎಂದು ನನಗೇ ಗೊತ್ತಿರಲಿಲ್ಲ.

ಬೇಡವಾಗಿ ಬೇಡ ಅನ್ನಲಿಲ್ಲ ಕೂಸೇ. ನಲವತ್ತಮೂರು ವರ್ಷ ಅವರ ಜೊತೆ ಬಾಳಿದೆ, ಒಂದು ದಿನವೂ ಅವರ ಹೆಸರು ಹೇಳಿಲ್ಲ. ನಮ್ಮ ಅಮ್ಮ ಹೇಳಲಿಲ್ಲ, ಅತ್ತೆ ಹೇಳಲಿಲ್ಲ, ನಾನೂ ಹೇಳಲಿಲ್ಲ. ಏನುಂಗ ಅಂದರೆ ಅವರು ತಿರುಗುತ್ತಿದ್ದರು. ಏನುಂಗ ಅಂತಲೇ ಲಾರಿಯ ಹಣೆಗೆ ಬರೆಸಿಬಿಡ್ತೀನಿ, ನನ್ನ ಹೆಸರು ಅದೇ ಅಲ್ಲವಾ ಎಂದು ತಮಾಷೆ ಮಾಡುತ್ತಿದ್ದರು. ಪಳನಿ ಬೆಟ್ಟದ ಮೇಲಿರುವ ದೇವರ ಹೆಸರೇ ಅವರದು. ಹಾಗಾಗಿ ಬೆಟ್ಟ ಹತ್ತುವಾಗ ಎಲ್ಲರೂ ಆ ಹೆಸರು ಕೂಗಿದರೆ ನಾನು ಅದೇ ದೇವರನ್ನು ವೇಲಾ, ವೇಲಾ ಅನ್ನುತ್ತಿದ್ದೆ. ತರಕಾರಿಯ ಕಥೆ ನಿನಗೆ ಗೊತ್ತೇ ಇದೆ. ತಮಿಳಿನಲ್ಲಿ ಮುರುಂಗಕ್ಕಾಯಿ ಅನ್ನಲು ಹೋದರೆ ಅವರ ಹೆಸರಿನ ಅರ್ಧ ಬಾಯಿಗೆ ಬಂದುಬಿಡುತ್ತದೆ ಎಂದು, ಚಿನ್ನಮನೂರು ಸಂತೆಯಲ್ಲಿ ತಿಲಗವತಿಯ ಅಂಗಡಿ ಮುಂದೆ ನಿಂತು ನಮ್ಮ ಮನೆಮಾತಿನಲ್ಲಿ ನುಗ್ಗೆಕಾಯಿ ಎಂದೇ ಕೇಳುತ್ತಿದ್ದೆ. ಅವಳು ತಮಿಳಿನವಳು, ಮೊದಲು ಏನು ಅಂತಲೇ ತಿಳಿಯದೆ ಪಡವಲಕಾಯಿ ಕೊಟ್ಟಳು. ಆಮೇಲೆ ಕಲಿತಳು. ಈಗ ನನ್ನನ್ನು ದೂರದಿಂದ ಕಂಡರೆ ಸಾಕು, "ಅಕ್ಕಾ, ನುಗ್ಗೆ ಎಳಸಾಗಿದೆ ವಾಂಗ, ಬನ್ನಿ" ಅನ್ನುತ್ತಾಳೆ. ಮುಂದಿನ ಸಾಲಿನ ಅಂಗಡಿಯವರೂ ಅದು ಯಾವುದೋ ಒಳ್ಳೆಯ ತಳಿಯ ಹೆಸರು ಎಂದು ತಿಳಿದು ನುಗ್ಗೆ, ನುಗ್ಗೆ ಎಂದು ಕೂಗುತ್ತಾರಂತೆ.

ಇದು ನಗುವ ಮಾತು. ನಾನು ಹೆದರಿದ್ದು ಬೇರೆ ಮಾತಿಗೆ. ನನಗೆ ನನ್ನ ಅಪ್ಪನ ತಾಯಿಯ ಹೆಸರು ಇಟ್ಟರು. ಅಪ್ಪ ತಾಯಿಯ ಹೆಸರು ಹಿಡಿದು ಕರೆಯುವಂತಿಲ್ಲ, ಅಮ್ಮ ಅತ್ತೆಯ ಹೆಸರು ಹೇಳುವಂತಿಲ್ಲ. ಮನೆಯಲ್ಲಿ ಎಲ್ಲರಿಗೂ ನಾನು ಕೂಸು. ಸ್ಕೂಲಿಗೆ ಹೋದ ಮೊದಲ ದಿನ ಮೇಷ್ಟ್ರು ಹಾಜರಿ ಕೂಗಿದರು. ಬೇರೆ ಮಕ್ಕಳು ಎದ್ದು ಉಳ್ಳೇನ್ ಐಯಾ, ಇದ್ದೇನೆ ಐಯಾ, ಅನ್ನುತ್ತಿದ್ದರು. ವೀರಮ್ಮಾಳ್ ಎಂದು ಕೂಗಿದಾಗ ಯಾರೂ ಏಳಲಿಲ್ಲ. ಯಾರೋ ಬಂದಿಲ್ಲ ಪಾಪ ಎಂದುಕೊಂಡು ನಾನೂ ಬಾಗಿಲು ನೋಡಿದೆ. ಹೀಗೆ ಒಂದು ವಾರ ದಿನವೂ ಹೋಗಿ ಕುಳಿತೆ, ದಿನವೂ ಗೈರುಹಾಜರಿ ಬಿತ್ತು. ಕೊನೆಗೆ ಮೇಷ್ಟ್ರು ತಲೆ ಎಣಿಸಿದರು. ಪುಸ್ತಕದಲ್ಲಿ ಒಬ್ಬಳು ಕಡಿಮೆ, ನೆಲದ ಮೇಲೆ ಒಬ್ಬಳು ಹೆಚ್ಚು. ನಿನ್ನ ಹೆಸರೇನು ಎಂದು ಕೇಳಿದಾಗ ಕೂಸು ಅಂದೆ. ಕ್ಲಾಸೇ ನಕ್ಕಿತು. ಎಂಟನೆಯ ಕ್ಲಾಸಿಗೆ ಸ್ಕೂಲು ಬಿಡುವವರೆಗೂ ಅದನ್ನು ಹೇಳಿ ರೇಗಿಸುತ್ತಿದ್ದರು.

ಆಮೇಲೂ ಆ ಹೆಸರು ಹೆಚ್ಚು ದಿನ ನನ್ನದಾಗಿರಲಿಲ್ಲ. ಹತ್ತೊಂಬತ್ತಕ್ಕೆ ಈ ಮನೆಗೆ ಬಂದೆ, ಹೊಸ ಸೊಸೆ ಆದೆ. ರಾಮ್‌ಕುಮಾರ್ ಹುಟ್ಟಿದ ಮೇಲೆ ರಾಮನ ಅಮ್ಮ. ನಿನ್ನ ಸ್ಕೂಲಿನಲ್ಲಿ ಜೆಯಂತಿ ಅಮ್ಮ. ಈಗ ಬಸ್ಸಿನ ಕಂಡಕ್ಟರನಿಂದ ಹಿಡಿದು ಎಲ್ಲರಿಗೂ ಪಾಟ್ಟಿ. ಯಾವುದೂ ಸುಳ್ಳಲ್ಲ. ಆಯಾ ಕಾಲಕ್ಕೆ ಅದೇ ನಾನು ಆಗಿದ್ದೆ, ಆಗಲು ಕಷ್ಟವೂ ಪಟ್ಟಿದ್ದೇನೆ, ಸುಖವೂ ಪಟ್ಟಿದ್ದೇನೆ. ಆದರೆ ಅಷ್ಟೂ ಕಾಲ ಸೊಸೆಯ ಹಿಂದೆ, ಅಮ್ಮನ ಹಿಂದೆ ಒಬ್ಬಳು ನಿಂತಿದ್ದಾಳೆ ಎಂದು ಗೊತ್ತಿದ್ದವರು ನಿನ್ನ ಅಪ್ಪ ಒಬ್ಬರೇ. ಲಾರಿ ಇಳಿದು ಅಂಗಳದಿಂದಲೇ "ವೀರಮ್ಮಾ" ಎಂದು ಪೂರ್ತಿ ಹೆಸರು ಕೂಗುತ್ತಿದ್ದರು. ಹದಿನಾಲ್ಕು ತಿಂಗಳಿಂದ ಆ ಹೆಸರನ್ನು ಯಾರೂ ಕೂಗಿಲ್ಲ. ಮತ್ತೆ ಗೈರುಹಾಜರಾದ ಹಾಗಿತ್ತು. ಇದನ್ನು ನಾನು ಬರೆದಿಡುವ ದಿನಚರಿಯಲ್ಲೂ ಬರೆದಿರಲಿಲ್ಲ, ನಿನಗೇ ಮೊದಲು ಬರೆಯುತ್ತಿದ್ದೇನೆ. ಅಂಥದ್ದರಲ್ಲಿ ಮೂವತ್ತನೆಯ ದಿನ ಮಗುವಿಗೆ ಅಜ್ಜಿ ಬಾಯಿಬಿಟ್ಟು ಕರೆಯಲಾಗದ ಹೆಸರನ್ನು ಹೇಗೆ ಇಡಿಸಲಿ? ನಿನ್ನ ಮನೆಯಲ್ಲೇ ನೋಡು. ಜೆಯರಾಜನಿಗೆ ನಿನ್ನ ಮಾವನ ಹೆಸರಿಟ್ಟು, ಓಚ್ಚಮ್ಮಾಳ್ ಅವನನ್ನು ನಾಲ್ಕು ವರ್ಷದಿಂದ "ಇವನೇ" ಎಂದು ಕರೆಯುತ್ತಿದ್ದಾರೆ. ಅವರ ತಪ್ಪಲ್ಲ. ನಾನೂ ಹಾಗೇ ಮಾಡುತ್ತಿದ್ದೆ, ಅದೇ ಭಯ.

ಈಗ ಕನ್ನಡಕದ ವಿಷಯ ಬರೆಯುತ್ತೇನೆ, ಅದಕ್ಕೂ ಇದಕ್ಕೂ ಸಂಬಂಧ ಇದೆ. ಕಳೆದ ಶುಕ್ರವಾರ ಇಲ್ಲಿನ ಮದುವೆ ಮಂಟಪದಲ್ಲಿ ಕಣ್ಣಿನ ಪರೀಕ್ಷೆಯ ಶಿಬಿರ ಇತ್ತು. ರಾಮ್‌ಕುಮಾರ್ ನನ್ನನ್ನು ಬಾಗಿಲಲ್ಲಿ ಇಳಿಸಿ ಬೈಕ್ ನಿಲ್ಲಿಸಲು ಹೋದ. ಎಲ್ಲ ಕಡೆ ಗಂಡನ ಹೆಸರು ಕೇಳಿದರೆ ಅವನೇ ಹೇಳುವುದು ರೂಢಿ. ಅವನು ಬರುವಷ್ಟರಲ್ಲಿ ಮೇಜಿನ ಹುಡುಗಿ ನನ್ನ ಹೆಸರು ಬರೆದುಕೊಂಡು, ತಾತ್ತಾ ಪೇರು, ಅಂದರೆ ಗಂಡನ ಹೆಸರು, ಎಂದು ಕೇಳಿದಳು. ನಾನು ಸುಮ್ಮನಿದ್ದೆ. ಹಿಂದೆ ಇಂಥ ಕಡೆ ಕೂತಿರುತ್ತಿದ್ದ ಹಿರಿಯರಿಗೆ ಅರ್ಥವಾಗುತ್ತಿತ್ತು, ಪಕ್ಕದವರನ್ನು ಕೇಳಿಕೊಳ್ಳುತ್ತಿದ್ದರು. ಈ ಹುಡುಗಿ ಹೊಸಬಳು, ಎಲ್ಲಿಯವಳೋ. ಗೋಡೆಯ ಕ್ಯಾಲೆಂಡರಿನಲ್ಲಿ ನವಿಲಿನ ಮೇಲೆ ಕುಳಿತ ಸ್ವಾಮಿ ಇದ್ದ. ಬೆರಳು ತೋರಿಸಿದೆ. ನವಿಲು ನೋಡಿ ಮಯಿಲ್‌ಸಾಮಿಯಾ ಅಂದಳು. ಇಲ್ಲ ಎಂದು ತಲೆ ಆಡಿಸಿ ಸ್ವಾಮಿಯ ಕೈಯಲ್ಲಿದ್ದ ವೇಲನ್ನು, ಆ ಈಟಿಯನ್ನು ತೋರಿಸಿದೆ. ಓ, ವೇಲುಸಾಮಿ ಎಂದು ಬರೆದುಕೊಂಡು ಮುಂದಿನವರನ್ನು ಕರೆದಳು. ನನಗೆ ಸರಿಯಾಗಿ ಕೇಳಿಸಲಿಲ್ಲ. ಕೆಲಸ ಆಯಿತಲ್ಲ ಎಂದು ಸಮಾಧಾನವಾಯಿತು.

ಸೋಮವಾರ ಕನ್ನಡಕ ಕೊಡುತ್ತೇವೆ ಬನ್ನಿ ಎಂದಿದ್ದರು, ಹೋಗಿ ಬೆಂಚಿನ ಮೇಲೆ ಕುಳಿತೆ. ಹೆಸರು ಕೂಗಿ ಕೂಗಿ ಕೊಡುತ್ತಿದ್ದರು. ನಮ್ಮ ಬೀದಿಯಲ್ಲೇ ನನ್ನ ಹೆಸರಿನವರು ಮೂವರಿದ್ದಾರೆ, ಅದಕ್ಕೆ ಗಂಡನ ಹೆಸರು ಸೇರಿಸಿ ಕೂಗಿದರು. ವೇಲುಸಾಮಿ ಸಂಸಾರ ವೀರಮ್ಮಾಳ್ ಎಂದರು. ಯಾರೂ ಏಳಲಿಲ್ಲ. ಎರಡು ಸಲ ಕೂಗಿದರು. ಯಾರೋ ಬಂದಿಲ್ಲ ಪಾಪ ಎಂದುಕೊಂಡು ನಾನು ಬಾಗಿಲ ಕಡೆ ನೋಡಿದೆ ಜೆಯಂತಿ. ನೋಡಿದ ಕೂಡಲೇ ಗೊತ್ತಾಯಿತು, ಕೂಗುತ್ತಿರುವುದು ನನ್ನನ್ನೇ. ಅರುವತ್ತಮೂರು ವರ್ಷದವಳು, ಆರು ವರ್ಷದಲ್ಲಿ ನೋಡಿದ ಹಾಗೇ ಬಾಗಿಲು ನೋಡುತ್ತಿದ್ದೇನೆ. ಈ ಸಲ ಗೈರುಹಾಜರಾದದ್ದು ನಾನೊಬ್ಬಳೇ ಅಲ್ಲ, ಅವರೂ. ಮರ್ಯಾದೆ ಎಂದು ನಾನು ಬಾಯಿ ಮುಚ್ಚಿಕೊಂಡದ್ದಕ್ಕೆ ಅವರ ಜಾಗದಲ್ಲಿ ಯಾವನೋ ವೇಲುಸಾಮಿ ಬಂದು ಕೂತುಬಿಟ್ಟಿದ್ದ.

ಎದ್ದು ಮೇಜಿನ ಹತ್ತಿರ ಹೋದೆ. ಅದು ನಂದೇ, ಆದರೆ ಗಂಡನ ಹೆಸರು ತಪ್ಪು ಅಂದೆ. ಹಾಗಾದರೆ ಸರಿಯಾದ್ದು ಹೇಳಿ ಪಾಟ್ಟಿ ಅಂದಳು. ಹೇಳಿದೆ. ಉಸಿರು ಬಂತು, ಶಬ್ದ ಬರಲಿಲ್ಲ. ಕೇಳಿಸಲಿಲ್ಲ ಅಂದಳು. ಇನ್ನೊಂದು ಸಲ ಹೇಳಿದೆ. ಫ್ಯಾನು ತಿರುಗುತ್ತಿದೆ ಪಾಟ್ಟಿ, ಗಟ್ಟಿಯಾಗಿ ಹೇಳಿ ಅಂದಳು. ಮೂರನೆಯ ಸಲ ಎಷ್ಟು ಗಟ್ಟಿಯಾಗಿ ಬಂತೆಂದರೆ ಹಿಂದೆ ಬೆಂಚಿನ ಮೇಲಿದ್ದ ಇಬ್ಬರು ಗಂಡಸರು ಒಟ್ಟಿಗೇ "ಏನಮ್ಮಾ, ನನ್ನನ್ನಾ?" ಎಂದು ಎದ್ದು ನಿಂತರು. ಮಂಟಪವೆಲ್ಲ ನಕ್ಕಿತು, ನಾನೂ ನಕ್ಕೆ. ನಗುವಾಗಲೇ ಹೊಳೆಯಿತು, ಮೂರು ಸಲ ಆಯಿತಲ್ಲ ಎಂದು. ಮನೆಗೆ ಬಂದು ಅವರ ಫೋಟೋ ಮುಂದೆ ನಿಂತೆ. ಹೊಸ ಕನ್ನಡಕದಲ್ಲಿ ಅವರ ಮೀಸೆಯ ಒಂದೊಂದು ಕೂದಲೂ ಕಾಣಿಸಿತು. ಕೋಪ ಮಾಡಿಕೊಂಡ ಹಾಗೆ ಕಾಣಲಿಲ್ಲ.

ನಿನ್ನೆ ತೈಪೂಸ. ಪಳನಿಗೆ ನಡೆದು ಹೋಗಿ ಬಂದವರು ಹಸಿರು ಬಟ್ಟೆಯಲ್ಲಿ ಸ್ವಾಮಿಯ ಹೆಸರು ಕೂಗುತ್ತಾ ಬೀದಿಯಲ್ಲಿ ಬಂದರು. ಪ್ರತಿ ವರ್ಷದ ಹಾಗೆ ಅವರಿಗೆ ನೀರು ಮಜ್ಜಿಗೆ ಕೊಟ್ಟೆ. ತುಟಿ ತಾನಾಗೇ ಅವರ ಜೊತೆ ಅಲುಗಿತು, ತಡೆಯಲಿಲ್ಲ. ಆದರೆ ಬಾಯಿ ಒಪ್ಪಿದಷ್ಟು ಬೇಗ ಕೈ ಒಪ್ಪುವುದಿಲ್ಲ. ನೋಡು, ಇಷ್ಟು ಉದ್ದ ಬರೆದೆ, ಆ ಹೆಸರು ಇನ್ನೂ ಬರೆದಿಲ್ಲ. ನನಗೆ ಅಕ್ಷರ ತಿದ್ದಿಸುವಾಗ ನಿನ್ನ ಅಪ್ಪ ಸ್ಲೇಟಿನಲ್ಲಿ ವೀರಮ್ಮಾಳ್ ಎಂದು ಬರೆದು, ಅದರ ಕೆಳಗೆ ಗಂಡ ಎಂದು ಬರೆದು, ಮುಂದೆ ಜಾಗ ಬಿಟ್ಟರು. ನಿನಗೆ ಧೈರ್ಯ ಬಂದಾಗ ತುಂಬು, ಅವಸರ ಇಲ್ಲ ಎಂದರು. ಆ ಸ್ಲೇಟು ಇನ್ನೂ ಅಟ್ಟದಲ್ಲೇ ಇದೆ.

ನೀನು, ನಿನ್ನ ಮಕ್ಕಳು, ಮನೆಯವರು ಎಲ್ಲರೂ ನೂರು ಕಾಲ ಸುಖವಾಗಿರಿ. ಓಚ್ಚಮ್ಮಾಳ್ ಅವರಿಗೆ ನನ್ನ ನಮಸ್ಕಾರ ಹೇಳು. ಜೆಯರಾಜನಿಗೆ ಒಂದು ಗೊಂಚಲು ದ್ರಾಕ್ಷಿ ಬೇರೆಯಾಗಿ ಇಟ್ಟಿದ್ದೇನೆ, ಅವನ ಕೈಗೇ ಕೊಡು. ಸಣ್ಣವನ ಅಂಗಾಲಿಗೆ ನನ್ನ ಮುತ್ತು.

ನಿನ್ನ ಅಮ್ಮ,
ವೀರಮ್ಮಾಳ್

ಮ.ಸೂ.: ಗುರುವಾರ ಬೆಳಿಗ್ಗೆ. ರಾಮ್‌ಕುಮಾರ್ ವ್ಯಾನು ಹೊರಡಿಸಿ ಹಾರ್ನ್ ಹೊಡೆಯುತ್ತಿದ್ದಾನೆ, ಬೇಗ ಬರೆಯುತ್ತೇನೆ. ಎದ್ದ ಕೂಡಲೇ ಸ್ಲೇಟು ಇಳಿಸಿ, ಅವರ ಅಕ್ಷರ ಅಳಿಸದ ಹಾಗೆ ಧೂಳು ಊದಿದೆ. ಖಾಲಿ ಜಾಗವನ್ನು ನಾನೇ ತುಂಬಿದೆ. ಮುರುಗನ್. ಮೊದಲ ಅಕ್ಷರದ ಕೊಂಬು ಉದ್ದವಾಯಿತು, ಅವರು ನೋಡಿದ್ದರೆ ಮತ್ತೆ ತಿದ್ದಿಸುತ್ತಿದ್ದರು. ಮಗುವಿಗೆ ಮುರುಗನ್ ಎಂದೇ ಇಡು. ಇಪ್ಪತ್ತನೆಯ ತಾರೀಕಿನ ಮೊದಲ ಬಸ್ಸಿಗೇ ಹೊರಟು ಬರುತ್ತೇನೆ, ಕಿವಿಯಲ್ಲಿ ಕೂಗುವವಳು ನಾನೇ, ಬೇರೆ ಯಾರಿಗೂ ಬಿಡಬೇಡ. ದ್ರಾಕ್ಷಿ ಪೆಟ್ಟಿಗೆಯ ಮೇಲೆ ನುಗ್ಗೆಕಾಯಿ ಕಟ್ಟು ಇದೆ, ಅದನ್ನು ಮಾತ್ರ ನಾನು ಸಾಯುವವರೆಗೂ ನುಗ್ಗೆಕಾಯಿ ಎಂದೇ ಅನ್ನುತ್ತೇನೆ. ಒಂದೇ ಒಂದು ಷರತ್ತು. ಆ ಮನೆಯಲ್ಲಿ ಎಲ್ಲರೂ ಅವನನ್ನು ಹೆಸರು ಹಿಡಿದು ಕರೆಯಬೇಕು, ದೊಡ್ಡವನನ್ನೂ. ದಿನಕ್ಕೆ ಎಷ್ಟು ಸಲ ಕರೆಯಬೇಕೆಂದರೆ, ಸ್ಕೂಲಿನ ಮೊದಲ ದಿನ ಹೆಸರು ಕೂಗಿ ಮುಗಿಯುವ ಮೊದಲೇ ಅವನು ಎದ್ದು ನಿಂತು ಉಳ್ಳೇನ್ ಐಯಾ ಅನ್ನಬೇಕು.