ಬೇ ಅನ್ನುವ ಶಬ್ದದ ಚೀಟಿ

ಅಣ್ಣಿಗೇರಿ
ಮಾಘ ಮಾಸ, ೧೯೭೭

ಖೈರುನಬಿ,

ನಿನಗೆ ಇದು ನನ್ನ ಮೊದಲ ಪತ್ರ. ನೀನು ಇದ್ದಾಗ ಬರೆಯಲಿಲ್ಲ. ನಿನಗೆ ಕನ್ನಡ ಓದಲು ಬರುತ್ತಿರಲಿಲ್ಲ. ಬರೆದಿದ್ದರೆ ನಿನ್ನ ಮಗಳು ಶಹನಾಜಳೇ ಓದಿ ಹೇಳಬೇಕಾಗುತ್ತಿತ್ತು, ಮತ್ತು ಇವು ಮಗಳಿಂದ ಓದಿಸಿಕೊಳ್ಳುವ ಮಾತುಗಳಲ್ಲ. ನೀನು ತೀರಿಕೊಂಡು ನಾಲ್ಕು ತಿಂಗಳಾಯಿತು. ಈ ನಾಲ್ಕು ತಿಂಗಳಲ್ಲಿ ನನ್ನ ದಿನಚರಿಯ ವಹಿಯಲ್ಲಿ ದಿನಾ ನಿನ್ನ ಹೆಸರು ಬರೆಯುತ್ತೇನೆ, ಮುಂದೆ ಕೈ ಓಡುವುದಿಲ್ಲ. ನಿನ್ನ ಹೆಸರು, ಅದರ ಕೆಳಗೆ ಹಾಲು ಒಡೆದದ್ದು, ಬಾವಿಯ ಹಗ್ಗ ಹರಿದದ್ದು, ಗದಗಿನ ರೈಲು ತಡವಾಗಿ ಹೋದದ್ದು. ಅಷ್ಟೇ ನನ್ನ ದಿನ.

ಇವತ್ತು ಬರೆಯಲು ಕಾರಣ ಒಂದು ಚೀಟಿ.

ನನ್ನ ತಮ್ಮನ ಮಗ ಪ್ರಭಂಜನನನ್ನು ನೀನು ನೋಡಿಲ್ಲ. ಧಾರವಾಡದಲ್ಲಿ ಎಂ.ಎ. ಓದುತ್ತಾನೆ. ಹೆಣ್ಣುಮಕ್ಕಳು ಮನೆಯೊಳಗೆ ಆಡುವ ಶಬ್ದಗಳನ್ನು ಕೂಡಿಸುವ ಕೆಲಸ ಹಚ್ಚಿಕೊಂಡಿದ್ದಾನೆ. ಒಂದೊಂದು ಶಬ್ದಕ್ಕೆ ಒಂದೊಂದು ದಪ್ಪ ಕಾಗದದ ಚೀಟಿ. ಅದರಲ್ಲಿ ಅರ್ಥ ಏನು, ಎಲ್ಲಿಂದ ಬಂತು, ಯಾರು ಯಾರಿಗೆ ಅನ್ನುತ್ತಾರೆ ಎಂದು ಬರೆಯಬೇಕು. “ಅತ್ಯಾ, ನೀ ಮುಲ್ಕಿ ಪರೀಕ್ಷಾ ಪಾಸಾಗೀದಿ, ನಿನ್ನ ಅಕ್ಷರ ಛಲೋ ಅವ” ಅಂದು ಹನ್ನೆರಡು ಚೀಟಿ ಕೊಟ್ಟು ಹೋದ. ಹನ್ನೊಂದನ್ನು ಒಂದೇ ಮಧ್ಯಾಹ್ನದಲ್ಲಿ ತುಂಬಿದೆ. ಎಲ್ಲ ಒಲೆಯ ಮುಂದಿನ, ಬಾವಿಕಟ್ಟೆಯ ಶಬ್ದಗಳು. ಹನ್ನೆರಡನೆಯದರ ನೆತ್ತಿಯ ಮೇಲೆ ಅವನೇ ದುಂಡಗೆ ಬರೆದಿದ್ದ: ಬೇ.

“ಇದು ಭಾಳ ಗಮ್ಮತ್ತಿನ ಶಬ್ದ ಅತ್ಯಾ. ಇರೂದು ಒಂದ ಅಕ್ಷರ, ಹತ್ತು ಮಂದಿ ತಮ್ಮದು ಅಂತಾರ” ಎಂದು ಶುರು ಮಾಡಿದ. ಅವನ ಗುರುಗಳು ಇದನ್ನು ಹಳೆಗನ್ನಡದ ಅಬ್ಬೆ ಅನ್ನುತ್ತಾರಂತೆ. ಅಬ್ಬೆ ಅಂದರೆ ತಾಯಿ. ಸಾವಿರ ವರ್ಷ ಕರೆದು ಕರೆದು ಮುಂದಿನ ತುದಿ ಸವೆದು ಬೇ ಉಳಿಯಿತು ಎಂದು ಅವರ ಅಂದಾಜು. ಉರ್ದು ಶಾಲೆಯ ಸಿರಾಜುದ್ದೀನ ಮಾಸ್ತರರು ಅದನ್ನು ಒಪ್ಪಲಿಲ್ಲವಂತೆ. ಇದು ಬೀಬಿಯ ಬೀ, ಮರ್ಯಾದೆಯ ಮಾತು ಅಂದರಂತೆ, ನಿನ್ನನ್ನು ಬಲ್ಲವರಾಗಿದ್ದರೆ ನಿನ್ನ ಹೆಸರಿನ ಕೊನೆಯಲ್ಲಿರುವ ಬಿಯನ್ನೇ ತೋರಿಸುತ್ತಿದ್ದರೇನೋ. ಹುಬ್ಬಳ್ಳಿ ಸ್ಟೇಶನ್ನಿನ ಹಮಾಲರು ಮಾತ್ರ ಇದು ಜಗಳದಲ್ಲಿ ಅನ್ನುವ ಅಬೇ ಎಂದು ನಕ್ಕರಂತೆ. ಮದರಸಾದ ಮಕ್ಕಳು ಅಲಿಫ್ ಆದ ಮೇಲೆ ಬೇ ಎಂದು ಒದರುತ್ತಾರೆ, ಅದು ಬರೀ ಅಕ್ಷರ. ಬೇರೆ ಶಬ್ದದ ಮುಂದೆ ಕೂತರೆ ‘ಇಲ್ಲದ್ದು’ ಎಂದು ಅರ್ಥ, ಬೇಫಿಕೀರ, ಬೇವಾರಸಿ. “ಇನ್ನ ನಿನ್ನ ಒಲಿ ಮ್ಯಾಲಿನ ಬ್ಯಾಳಿ ಬೇಯ್ತದಲಾ, ಅದೂ ಒಂದು ಬೇ. ಇಷ್ಟರಾಗ ಯಾವುದು ಖರೆ ಅಂತೀ ಅತ್ಯಾ?” ಎಂದು ಕೇಳಿದ.

ನಾನು ಬೇಳೆ ನೋಡುವ ನೆವದಿಂದ ಎದ್ದು ಒಳಗೆ ಹೋದೆ.

ಅವನ ಗುರುಗಳ ಮಾತು ಖರೆ ಇರಬಹುದು, ಮಾಸ್ತರರದೂ ಇರಬಹುದು. ನನಗೆ ಅಷ್ಟು ತಿಳಿಯುವುದಿಲ್ಲ. ನನ್ನ ಪಾಲಿಗೆ ಆ ಶಬ್ದ ಎಲ್ಲಿಂದ ಬಂತೆಂದು ಮಾತ್ರ ಗೊತ್ತು. ಅದು ನವಲಗುಂದದಲ್ಲಿ ನಿನ್ನ ಮಗ್ಗದ ಎಡಬದಿಯಿಂದ ಬಂತು.

ನೆನಪಿದೆಯೇನು? ನಿಮ್ಮ ಹಿತ್ತಲಿಗೂ ನಮ್ಮ ಹಿತ್ತಲಿಗೂ ನಡುವೆ ಸೊಂಟದೆತ್ತರದ ಗೋಡೆ. ನಮ್ಮ ಮನೆಯವರು ಅಂಚೆ ಕಚೇರಿಯಲ್ಲಿ ಕಾರಕೂನರು. ಅತ್ತೆ ಅನ್ನಪೂರ್ಣಾಬಾಯಿ ಊಟವಾದ ಮೇಲೆ ಮಠಕ್ಕೆ ಪುರಾಣ ಕೇಳಲು ಹೋದರೆ ನಾಲ್ಕು ಗಂಟೆಯವರೆಗೆ ಬರುತ್ತಿರಲಿಲ್ಲ. ಮಕ್ಕಳಿಲ್ಲದ ಮನೆ. ಆ ಎರಡು ತಾಸು ನಾನು ಗೋಡೆಯ ಮೇಲೆ ಕೈಯೂರಿ ನಿಮ್ಮ ಪಡಸಾಲೆಯ ಸದ್ದು ಕೇಳುತ್ತ ನಿಲ್ಲುತ್ತಿದ್ದೆ. ಎಳೆ ಹಾಯಿಸಿದ ಮೇಲೆ ಅದನ್ನು ಕೆಳಗೆ ಬಡಿದು ಕೂಡಿಸುವ ಕಬ್ಬಿಣದ ಪಂಜಾದ ಸದ್ದು. ಟಕ್ಕ ಟಕ್ಕ, ಒಂದು ಕ್ಷಣ ಸುಮ್ಮನೆ, ಮತ್ತೆ ಟಕ್ಕ ಟಕ್ಕ.

ಒಂದು ದಿನ ಆ ಸದ್ದಿನ ಗತಿ ಕೆಟ್ಟಿತು. ನಿಮ್ಮ ಅತ್ತೆ ಖಾಸಿಂಬಿ ತೀರಿಕೊಂಡು ತಿಂಗಳಾಗಿತ್ತು. ಅಗಲದ ಜಮಖಾನಕ್ಕೆ ಇಬ್ಬರು ಬೇಕು. ಎಡಕ್ಕೆ ಕೂತವಳು ಬಣ್ಣದ ನೂಲನ್ನು ಅರ್ಧದವರೆಗೆ ಹಾಯಿಸಿ ಕೊಡಬೇಕು, ಬಲಕ್ಕೆ ಕೂತವಳು ಅಲ್ಲಿಂದ ಹಿಡಿದು ಒಯ್ಯಬೇಕು. ನೀನೊಬ್ಬಳೇ ಎದ್ದು ಎದ್ದು ಆ ತುದಿಯಿಂದ ಈ ತುದಿಗೆ ಓಡಾಡುತ್ತಿದ್ದೆ. ಶಹನಾಜ ಹನ್ನೆರಡು ವರ್ಷದ ಹುಡುಗಿ, ಬಾಗಿಲಲ್ಲಿ ಕೂತು ನೂಲು ಸುತ್ತುತ್ತಿದ್ದಳು, ಬೆನ್ನು ಮಗ್ಗದ ಕಡೆಗೆ. ಅವಳನ್ನೇ ಕೂರಿಸಿಕೊಳ್ಳಬಾರದೇ ಎಂದು ಕೇಳಿದ್ದಕ್ಕೆ ನೀನು ನಾಲಿಗೆ ಕಚ್ಚಿಕೊಂಡೆ. “ಮಗಳಿಗೆ ಈ ವಿದ್ಯಾ ತೋರ್ಸೂದಿಲ್ರಿ ನಮ್ಮ ಮನ್ಯಾಗ. ಅಕಿ ನಾಳೆ ಮಂದಿ ಮನೀಗೆ ಹೋಗಾಕಿ. ಸೊಸಿಗೆ ತೋರಸ್ತೀವಿ, ಅಕಿ ಇಲ್ಲೇ ಇರಾಕಿ.” ಸೊಸೆ ಬರಲು ನಿನ್ನ ಮಗನಿಗೆ ಇನ್ನೂ ಮೀಸೆ ಮೂಡಿರಲಿಲ್ಲ. ಪಗಡೆಯ ಚಿತ್ತಾರದ ಹಾಸು ಅರ್ಧಕ್ಕೆ ನಿಂತಿತ್ತು. “ಬಾಯಾರ, ಈ ತುದಿ ಒಂದೀಟು ಹಿಡೀತೀರೇನ್ರಿ?” ಅಂದೆ. ನಾನು ಗೋಡೆ ದಾಟಿದೆ. ನಲವತ್ತು ಸಮೀಪಿಸಿದ ಹೆಂಗಸು, ಸೀರೆ ಎತ್ತಿಕಟ್ಟಿ ಗೋಡೆ ದಾಟಿದ್ದು ನೆನೆದರೆ ಈಗಲೂ ನಗು ಬರುತ್ತದೆ.

ಮೂರು ದಿನ ನೀನು ಬಾಯಾರ ಬಾಯಾರ ಎನ್ನುತ್ತ ನೂಲು ಕೊಟ್ಟೆ. ನಾಲ್ಕನೆಯ ದಿನ “ತಗೋ ಬೇ” ಅಂದುಬಿಟ್ಟೆ. ನೂಲಿಗೆ ಚಾಚಿದ ಕೈಯನ್ನು ನಾನು ಅಲ್ಲೇ ತಡೆದೆ. ನಿನಗೆ ಅಂಜಿಕೆಯೂ ಆಗಲಿಲ್ಲ, ನಾಚಿಕೆಯೂ ಆಗಲಿಲ್ಲ. “ಬಾಯಾರ ಅನ್ನೂದು ಮುಗಿಯೂದ್ರಾಗ ನೂಲು ನೆಲಕ್ಕ ಬಿದ್ದಿರ್ತದ. ನಮ್ಮತ್ತಿ ನನಗ ತಗೋ ಬೇ ಅಂತಿದ್ಲು, ನಾ ಅಕಿಗೆ ತಾ ಬೇ ಅಂತಿದ್ದೆ. ಮಗ್ಗದ ಹಲಗಿ ಮ್ಯಾಲ ಅತ್ತಿ ಇಲ್ಲ, ಸೊಸಿ ಇಲ್ಲ. ಇಲ್ಲೆ ಕುಂತಾಕಿ ಬೇ, ಅಷ್ಟ.”

ನಮ್ಮ ಮನೆಯಲ್ಲಿ ಆ ಶಬ್ದಕ್ಕೆ ಜಾಗವಿರಲಿಲ್ಲ. ಹೊರಗಿನ ಓಣಿಯಲ್ಲಿ ಮಕ್ಕಳು ತಾಯಂದಿರನ್ನು ಹಾಗೆ ಕರೆದರೆ ಅತ್ತೆ ಕಿಟಕಿ ಮುಚ್ಚುತ್ತಿದ್ದರು. ನನ್ನನ್ನು ಮನೆಯವರು ‘ಏ, ಇಲ್ಲೆ ಬಾ’ ಅನ್ನುತ್ತಿದ್ದರು, ಅತ್ತೆ ‘ಇಕಿ’ ಅನ್ನುತ್ತಿದ್ದರು, ಹೊರಗಿನವರು ಬಾಯಿ ಅನ್ನುತ್ತಿದ್ದರು. ತವರು ಬಿಟ್ಟ ಮೇಲೆ ನನ್ನನ್ನು ನನ್ನ ಸಲುವಾಗಿ ಕರೆದದ್ದು ನಿನ್ನ ಆ ಒಂದಕ್ಷರ. ಮೂರು ವರ್ಷ, ಮಧ್ಯಾಹ್ನಕ್ಕೆ ನೂರು ಸಲ. ತಗೋ ಬೇ. ಎಳೀ ಬೇ. ಬಿಗಿ ಆತು, ಸಡ್ಲ ಬಿಡು ಬೇ. ಯಾಕ ಬೇ, ಇವತ್ತ ಕಣ್ಣು ಕೆಂಪಗಾಗ್ಯಾವ? ಎಳೆ ತಪ್ಪಿದಾಗ “ನಿನ್ನ ಪುರಾಣಕ್ಕ ಬೆಂಕಿ ಹತ್ತಲಿ ಬೇ” ಎಂದು ಬೈದು, ನನಗಿಂತ ಮೊದಲು ನೀನೇ ನಕ್ಕದ್ದು. ಪ್ರಭಂಜನನ ಚೀಟಿಯಲ್ಲಿ ಅರ್ಥಕ್ಕೆ ಬಿಟ್ಟ ಜಾಗ ಎರಡು ಬೆರಳಿನಷ್ಟು, ಖೈರುನಬಿ. ಇದನ್ನೆಲ್ಲ ಎಲ್ಲಿ ಬರೆಯಲಿ?

ಇನ್ನು ಆ ಸಂಕ್ರಾಂತಿಯ ಮಾತು. ಬರೆಯದೆ ಬಿಟ್ಟರೆ ಈ ಪತ್ರಕ್ಕೆ ಅರ್ಥವಿಲ್ಲ.

ನಮ್ಮ ಪಡಸಾಲೆಯಲ್ಲಿ ಅರಿಷಿಣ ಕುಂಕುಮಕ್ಕೆ ಹದಿನೈದು ಜನ ಕೂತಿದ್ದರು. ಪೋಸ್ಟಮಾಸ್ತರರ ಹೆಂಡತಿ ಮುಕ್ತಾಬಾಯಿಯ ಕೈಗೆ ನಾನು ಎಳ್ಳು ಕೊಡುತ್ತಿದ್ದೆ. ಹಿತ್ತಲಿನಿಂದ ನಿನ್ನ ದನಿ: “ಬೇ ಮಥುರಾ! ಕೆಂಪ ನೂಲು ಒಣಗೇದ, ಬಾ ಬೇ!” ನಿನಗೆ ಹಬ್ಬದ ನೆನಪಿರಲಿಲ್ಲ, ಬಣ್ಣ ಒಳ್ಳೆಯದು ಕೂತಿದೆ ಎಂಬ ಸಂತೋಷವಷ್ಟೇ. ಮುಕ್ತಾಬಾಯಿ ಸೆರಗು ಬಾಯಿಗೆ ಹಿಡಿದು ನಕ್ಕರು. “ಅಯ್ಯ, ಯಾರಿಗ್ರಿ ಬೇ ಅಂತ ಕರ್ಯೂದು ನಿಮ್ಮ ಮನ್ಯಾಗ?” ಅತ್ತೆ ನನ್ನನ್ನು ನೋಡಿದರು. ನಾನು ಹಿತ್ತಲಿಗೆ ಹೋದೆ. ಎಲ್ಲರಿಗೂ ಕೇಳುವಷ್ಟು ಗಟ್ಟಿಯಾಗಿ ಅಂದೆ: “ಖೈರುನಬಿ, ಬೇ ಗೀ ಅಂತ ನನ್ನ ಕರೀಬ್ಯಾಡ. ಬಾಯಾರ ಅಂತ ಅನ್ನು.”

ನಿನ್ನ ಕೈ ಮೊಣಕೈವರೆಗೆ ಕೆಂಪಾಗಿತ್ತು. ನೀನು ಆ ಕೈಗಳನ್ನೇ ಒಮ್ಮೆ ನೋಡಿಕೊಂಡೆ. “ಹೌದ್ರಿ ಬಾಯಾರ” ಅಂದೆ.

ಮಂದಿ ಎದುರಿಗೆ ಹಾಗೆ, ನಾಳೆ ಮತ್ತೆ ಮೊದಲಿನಂತೆ, ಇವಳಿಗೆ ತಿಳಿಯುತ್ತದೆ ಎಂದುಕೊಂಡಿದ್ದೆ. ಮರುದಿನ ಮಧ್ಯಾಹ್ನ ಗೋಡೆ ದಾಟಿ ಬಂದರೆ ನಾನು ಕೂರುತ್ತಿದ್ದ ಬಲಬದಿಯ ಹಲಗೆಯನ್ನು ನೀನು ತೆಗೆದು ಗೋಡೆಗೆ ಆನಿಸಿದ್ದೆ. ಒಬ್ಬಳೇ ಎದ್ದು ಎದ್ದು ನೇಯುತ್ತಿದ್ದೆ. ನಾನು ಹಲಗೆ ಹಾಕಲು ಹೋದಾಗ ಓಡಿಬಂದು ನನ್ನ ಕೈಯಿಂದ ಬಿಡಿಸಿಕೊಂಡೆ. “ಬ್ಯಾಡ್ರಿ. ಬಾಯಾರು ಮಗ್ಗಕ್ಕ ಕೂಡೂದಿಲ್ರಿ. ನಿಮ್ಮ ಸೀರಿಗೆ ಬಣ್ಣ ಹತ್ತೀತು.” ದನಿಯಲ್ಲಿ ಸಿಟ್ಟಿರಲಿಲ್ಲ. ಇದ್ದಿದ್ದರೆ ಕಾಲು ಹಿಡಿಯಬಹುದಿತ್ತು. ನಿಮ್ಮ ಮನೆಯ ವಿದ್ಯೆ ಆ ಮನೆಯಲ್ಲೇ ಉಳಿಯುವವಳಿಗೆ ಮಾತ್ರ. ನಾನು ಮಂದಿ ಮನೆಯವಳು ಎಂದು ನನ್ನ ಬಾಯಿಂದಲೇ ಹದಿನೈದು ಜನರ ಸಾಕ್ಷಿಯಾಗಿ ಹೇಳಿದ್ದೆ. ಶಬ್ದ ಒಂದನ್ನು ಬಿಡಿಸಿದೆ ಅಂದುಕೊಂಡಿದ್ದೆ. ಕೂತ ಜಾಗವೇ ಹೋಗಿತ್ತು.

ನಮಗೆ ಅಣ್ಣಿಗೇರಿಗೆ ವರ್ಗವಾದಾಗ ನೀನು ಚಕ್ಕಡಿಯವರೆಗೆ ಬಂದು ಪಾತ್ರೆಯ ಗಂಟು ಎತ್ತಿಕೊಟ್ಟೆ. ಅದರ ಹಿಂದಿನ ಮಳೆಗಾಲದಲ್ಲಿ ಅತ್ತೆ ತೀರಿಹೋಗಿದ್ದರು. ಎರಡು ವರ್ಷಕ್ಕೆ ನಮ್ಮ ಮನೆಯವರೂ ಹೋದರು. ಸುದ್ದಿ ಕೇಳಿ ನೀನು ಬಸ್ಸಿಗೆ ಬಂದು ಹೊಸ್ತಿಲ ಹೊರಗೆ ಕೂತೆ. “ಸಮಾಧಾನ ಮಾಡ್ಕೋರಿ ಬಾಯಾರ.” ಅವತ್ತು ಬಂದವರೆಲ್ಲ ಸಮಾಧಾನ ಮಾಡಿಕೊಳ್ಳಲು ಹೇಳಿದರು. ನಿನ್ನಿಂದ ಮಾತ್ರ ಬೇರೊಂದು ಮಾತಿಗೆ ಕಾಯುತ್ತಿದ್ದೆ. ನೀನು ಮಾತಿಗೆ ನಿಂತವಳು, ಅನ್ನಲಿಲ್ಲ.

ಹೋದ ಶ್ರಾವಣದಲ್ಲಿ ನೀನು ಹಾಸಿಗೆ ಹಿಡಿದಿದ್ದೀ ಎಂದು ಶಹನಾಜ ಹೇಳಿಕಳಿಸಿದಳು. ಬಂದೆ. ನೀನು ಮಗ್ಗದ ಎದುರಿಗೇ ಹಾಸಿಕೊಂಡು ಮಲಗಿದ್ದೆ. ಸೊಸೆ ರಜಿಯಾಬಿ ಎಡಬದಿಯ ಹಲಗೆಯ ಮೇಲಿದ್ದಳು. ಬಲಬದಿಯದು ನಿನ್ನದಿರಬೇಕು, ಖಾಲಿ ಇತ್ತು. “ರಜಿಯಾ, ಬಾಯಾರು ಬಂದಾರ, ಚಾ ಇಡು” ಅಂದೆ. ಅವಳು ಕೈಯಲ್ಲಿನ ನೂಲನ್ನು ಅರ್ಧದಲ್ಲೇ ಸಿಕ್ಕಿಸಿ ಒಳಗೆ ಹೋದಳು. ಅದು ಅಲ್ಲೇ, ಹಾಸಿನ ನಟ್ಟನಡುವೆ, ಹಿಡಿಯುವವರಿಗಾಗಿ ತೂಗುತ್ತಿತ್ತು. ನೀನು ಅದನ್ನು ನೋಡಿದೆ, ನನ್ನನ್ನು ನೋಡಿದೆ. ನಾವಿಬ್ಬರೇ ಇದ್ದೆವು. ನಗಲು ಮುಕ್ತಾಬಾಯಿ ಇರಲಿಲ್ಲ, ನೋಡಲು ಅತ್ತೆ ಇರಲಿಲ್ಲ. ನಾನು ಅಂದದ್ದು “ಹ್ಯಾಂಗಿದ್ದೀ ಖೈರುನಬಿ?” ಎಂದು. “ಛಲೋ ಅದೀನ್ರಿ” ಅಂದೆ. ಚಾ ಬಂತು. ಕುಡಿದು ನಾಲ್ಕರ ಬಸ್ಸು ಹಿಡಿದೆ.

ನಿನ್ನ ಬಾಯಿಂದ ಆ ಶಬ್ದ ಮತ್ತೊಮ್ಮೆ ಕೇಳಲಿಲ್ಲ ಎಂಬ ದುಃಖವನ್ನೇ ಇಷ್ಟು ದಿನ ಹೊತ್ತು ತಿರುಗಿದೆ. ನಿನ್ನೆ ಪ್ರಭಂಜನ ಚೀಟಿ ಒಯ್ಯಲು ಬಂದ. ಹನ್ನೆರಡನೆಯದು ಖಾಲಿ ಇದ್ದದ್ದು ಕಂಡು ಪೆನ್ನು ತೆಗೆದ. “ಇರ್ಲಿ, ಕಡೀದಷ್ಟ ಹೇಳು. ನಿನಗ ಯಾರರೆ ಅಂತಿದ್ರೇನು?”

“ಅಂತಿದ್ಲು ಒಬ್ಬಾಕಿ.”

“ನೀ ಅಕಿಗೆ?”

ಖೈರುನಬಿ, ನಾನು ಒಂದು ಸಲವೂ ಅಂದಿರಲಿಲ್ಲ. ಮೂರು ವರ್ಷ ನೀನು ನೂಲು ಚಾಚಿ ತಗೋ ಬೇ ಅನ್ನುತ್ತಿದ್ದೆ, ನಾನು ಹೂಂ ಅನ್ನುತ್ತಿದ್ದೆ. ಖಾಸಿಂಬಿಯ ಎದುರು ನೀನು ಅನ್ನುತ್ತಿದ್ದ ಆ ಎರಡನೆಯ ಮಾತು, ತಾ ಬೇ, ನನ್ನಿಂದ ಬರಬೇಕಿತ್ತು. ನೀನು ಅದನ್ನು ಕೇಳಿ ಪಡೆಯುವವಳಲ್ಲ. ಪ್ರತಿ ಎಳೆಗೂ ಒಂದು ಕ್ಷಣ ಕೈ ತಡೆದು, ಹೂಂ ಬಂದ ಮೇಲೆ ಪಂಜಾ ಬಡಿಯುತ್ತಿದ್ದೆ. ಆ ಒಂದು ಕ್ಷಣ ನೀನು ಏನಕ್ಕೆ ಕಾಯುತ್ತಿದ್ದೆ ಎಂದು ನಿನ್ನೆ ಹೊಳೆಯಿತು. ನನ್ನ ನಾಲಿಗೆಯಲ್ಲಿ ನಮ್ಮ ಅತ್ತೆಯ ಮನೆ ಕೂತಿತ್ತು. ನೀನು ಕೊಟ್ಟದ್ದನ್ನು ಮೂರು ವರ್ಷ ಇಸಕೊಂಡೆ, ತಿರುಗಿ ಕೊಡಲಿಲ್ಲ. ಮೇಲೆ ನಿನ್ನಿಂದಲೇ ಅದನ್ನು ಕಿತ್ತುಕೊಂಡೆ.

ಪ್ರಭಂಜನನಿಗೆ ನಾಳೆ ಬಾ ಎಂದು ಕಳಿಸಿದೆ. ಈಗ ಚೀಟಿ ಬರೆದಿದ್ದೇನೆ. ಎಲ್ಲಿಂದ ಬಂತು ಅನ್ನುವಲ್ಲಿ ನವಲಗುಂದ ಎಂದು ಬರೆದೆ. ಅವನ ಗುರುಗಳು ಒಪ್ಪಲಿಕ್ಕಿಲ್ಲ. ಅರ್ಥದ ಜಾಗದಲ್ಲಿ ‘ಜೊತೆಗೆ ಕೂತವಳು’. ಯಾರು ಯಾರಿಗೆ ಅನ್ನುವಲ್ಲಿ ‘ಖೈರುನಬಿ, ಮಥುರಾಗೆ’ ಎಂದು ಬರೆದೆ. ಆಮೇಲೆ ಅದರ ಕೆಳಗೆ ‘ಮಥುರಾ, ಖೈರುನಬಿಗೆ’ ಎಂದೂ ಬರೆದೆ. ಅದು ಸುಳ್ಳು. ಅವನು ಬರುವುದರೊಳಗೆ ಅದನ್ನು ಖರೆ ಮಾಡಬೇಕೆಂದೇ ಈ ಪತ್ರ.

ಹೊರಗೆ ಮಧ್ಯಾಹ್ನದ ಬಿಸಿಲು ವಾಲುತ್ತಿದೆ. ನಮ್ಮ ಮಗ್ಗದ ಹೊತ್ತು. ಮನೆಯಲ್ಲಿ ಯಾರೂ ಇಲ್ಲ, ಗಟ್ಟಿಯಾಗಿ ಓದುತ್ತೇನೆ.

ನೀನು ಮಲಗಿರುವ ಮಣ್ಣು ತಂಪಾಗಿರಲಿ. ನಿನ್ನ ಸೊಂಟದ ನೋವು ಅಲ್ಲಿ ಇಲ್ಲದಿರಲಿ. ರಜಿಯಾಬಿಯ ಬಲಕ್ಕೆ ಕೂರಲು ಒಳ್ಳೆಯವಳೊಬ್ಬಳು ಬರಲಿ, ಅವಳು ನನ್ನಂತೆ ಹೂಂ ಅನ್ನದಿರಲಿ.

ಆ ನೂಲು ಇನ್ನೂ ನಡುವೆಯೇ ಇದೆ. ಕೈ ಚಾಚಿದ್ದೇನೆ.

ತಾ ಬೇ.

ನಿನ್ನ
ಮಥುರಾ