ಕೊನೆಯ ದಿನ ಮಾತ್ರ

ನವೆಂಬರ್ 17, ಸೋಮವಾರ

ಕ್ಲಿನಿಕ್‌ನಲ್ಲಿ ಬೆಳಿಗ್ಗೆಯೇ ಇಬ್ಬರು ಮಂಡಿನೋವಿನವರು. ವ್ಯಾಯಾಮ ಮಾಡಿಸಿ ಕಳಿಸಿ ಶೇರಿನ ಆಪ್ ತೆರೆದೆ. ನನ್ನ ಕಾಲ್ ಆಪ್ಷನ್ ಏರಿದೆ! ಅಂದರೆ, ಒಂದು ಕಂಪನಿಯ ಶೇರನ್ನು ಈ ತಿಂಗಳು ನಿಗದಿತ ಬೆಲೆಗೆ ಕೊಳ್ಳುವ ಹಕ್ಕು. ಕೆಸರೆಯಲ್ಲಿರುವ ತಂಗಿ ಅಕ್ಷತಾಗೂ ಒಂದು ಕೊಡಿಸಿದ್ದೇನೆ. ಫೋನ್ ಮಾಡಿದ್ದಳು.

"ಅಕ್ಕ, ಯಾವಾಗ್ ಬೇಕಾದ್ರೂ ಹಕ್ಕು ಬಳಸ್ಬೋದು ತಾನೆ?"

"ಹೂಂ ಕಣೆ. ಬೇಡ ಅಂದ್ರೆ ಸುಮ್ನೆ ಬುಟ್ಬುಡು. ಕೊಟ್ಟಿದ್ದಷ್ಟೇ ಹೋಗೋದು."

ಯೂಟ್ಯೂಬ್‌ನಲ್ಲಿ ಹಾಗೇ ಹೇಳಿದ್ದರು.

ನವೆಂಬರ್ 20, ಗುರುವಾರ

ಬ್ರೋಕರ್ ಮೆಸೇಜ್ — ಡೆಲಿವರಿಗೆ, ಅಂದರೆ ಶೇರುಗಳನ್ನೇ ಕೊಳ್ಳೋಕೆ, ದುಡ್ಡು ಕಟ್ಟಿ ಅಂತ. ಹೆಲ್ಪ್‌ಲೈನ್‌ನಲ್ಲಿ ಕೀರ್ತಿ ಅನ್ನುವ ಹುಡುಗಿ ಸಿಕ್ಕಳು.

"ಮೇಡಂ, ನೀವು ನೋಡಿರೋದು ಅಮೆರಿಕನ್ ಸ್ಟೈಲ್. ಅದ್ರಲ್ಲಿ ಯಾವ ದಿನ ಬೇಕಾದ್ರೂ ಬಳಸ್ಬಹುದು. ನಮ್ಮಲ್ಲಿ ಯುರೋಪಿಯನ್. ಕೊನೇ ದಿನ ಮಾತ್ರ. ಅದಕ್ಕೆ ಮುಂಚೆ ಆಪ್ಷನ್ನೇ ಬೇರೆಯವ್ರಿಗೆ ಮಾರ್ಬಹುದು, ಅಷ್ಟೆ."

"ಸುಮ್ನೆ ಬಿಟ್ರೆ?"

"ಲಾಭದಲ್ಲಿದ್ರೆ ತಾನಾಗೇ ಚಾಲೂ ಆಗುತ್ತೆ. ಇಡೀ ಲಾಟ್, ಅಂದ್ರೆ ಆ ಆಪ್ಷನ್‌ಗೆ ಸೇರಿರೋ ನೂರಾರು ಶೇರನ್ನೂ ನೀವು ತಗೋಬೇಕು."

ಅದಕ್ಕೆ ಏಳು ಲಕ್ಷ ಬೇಕು! ಸಿಕ್ಕ ಬೆಲೆಗೆ ಮಾರಿದೆ. ಉಸಿರು ಬಂತು. ಆಮೇಲೆ ನೆನಪಾಯಿತು... ಅಕ್ಷತಾ.

ನವೆಂಬರ್ 21

ಅಕ್ಷತಾಗೆ ಫೋನ್ ಮಾಡಿ, ಬೇಗ ಮಾರು ಅಂದೆ. "ಲಾಭ ಬರ್ತಾ ಇದೆ ಕಣಕ್ಕ. ನೀನು ಮಾರ್ಬುಟ್ಟೆ ಅಂತ ನನ್ನ ಹೆದರಿಸ್ಬೇಡ." ಕಟ್ ಮಾಡಿದಳು. ಮತ್ತೆ ತೆಗೆಯಲೇ ಇಲ್ಲ.

ನವೆಂಬರ್ 25, ಮಂಗಳವಾರ, ಸಂಜೆ

ಇವತ್ತೇ ಕೊನೆಯ ದಿನ. ಪೇಶೆಂಟ್‌ಗಳನ್ನು ಮಧ್ಯಾಹ್ನವೇ ವಾಪಸ್ ಕಳಿಸಿ ಸ್ಕೂಟರ್‌ನಲ್ಲಿ ಕೆಸರೆಗೆ ಓಡಿದೆ. ದಾರಿಯ ಪ್ರತಿ ಸಿಗ್ನಲ್‌ನಲ್ಲೂ ಗಂಟೆ ನೋಡಿದೆ. ಮಾರ್ಕೆಟ್ ಮುಚ್ಚುವುದು ಮೂರೂವರೆಗೆ.

ಬಾಗಿಲು ತೆಗೆದವಳ ಮುಖ ಬಿಳಿಚಿತ್ತು. "ಬೆಳಗಿಂದ ಮಾರೋಕ್ ನೋಡ್ತಿದೀನಿ ಅಕ್ಕ. ಯಾರೂ ತಗೊಳ್ತಿಲ್ಲ."

"ಬೆಲೆ ಇಳಿಸು. ಇನ್ನೂ ಇಳಿಸು!"

ಇಳಿಸಿದಳು. ಮತ್ತೆ ಇಳಿಸಿದಳು. ಕೊನೆಗೂ ಹೋಯಿತು — ಕೊಟ್ಟಿದ್ದರಲ್ಲಿ ಅರ್ಧವೂ ಬರಲಿಲ್ಲ. ಇಬ್ಬರೂ ನೆಲದ ಮೇಲೆ ಕೂತುಬಿಟ್ಟೆವು. ನಾನು ನಕ್ಕೆ. ಅವಳು ನಗಲಿಲ್ಲ.

"ಅಕ್ಕ... ಅತ್ತೆ ಅಕೌಂಟಲ್ಲೂ ಒಂದು ತಗೊಂಡ್ಬುಟ್ಟಿದ್ದೆ. ಅವ್ರಿಗೆ ಗೊತ್ತಿಲ್ಲ."

ಗಡಿಯಾರ ನೋಡಿದೆ. ಮೂರೂವರೆ ದಾಟಿತ್ತು.

ಒಳಗಿಂದ ಅವಳ ಅತ್ತೆ ಸಿದ್ದಲಿಂಗಮ್ಮ ಫೋನ್ ಹಿಡಿದು ಬಂದರು. "ನಾಕು ದಿನದಿಂದ ಎಂಥದೋ ಮೆಸೇಜು ಬರ್ತಾನೇ ಅದೆ ಕಣಮ್ಮ. ಈಗೊಂದು ಬಂತು. ಓದಿ ಹೇಳು."

ನಾನೇ ಇಸಕೊಂಡು ಓದಿದೆ: ಆಪ್ಷನ್ ಚಾಲೂ ಆಗಿದೆ, ಶೇರಿಗೆ ಏಳು ಲಕ್ಷ ಕಟ್ಟಿ ಅಂತ. ಕಲಿಸಿಕೊಟ್ಟವಳು ನಾನು. ಹೇಳಬೇಕಾದವಳೂ ನಾನೇ. "ಕೂತ್ಕೊಳ್ಳಿ ಅಮ್ಮ" ಎಂದೆ. ಅವರು ಕೂತರು. ನಾನು ಮೊದಲಿಂದ ಎಲ್ಲ ಹೇಳಿದೆ.