ಒಡೆದ ಕಲ್ಲಿನ ಇನ್ನರ್ಧ

ಮಲಪ್ರಭೆಯ ದಂಡೆ,
ಹದಿಮೂರನೇ ತಿಂಗಳ ನಾಲ್ಕನೇ ದಿನ, ೨೪೬೭

ನಾನೂರು ವರ್ಷ ಹಿಂದಿನ ಹಿರಿಯರಿಗೆ ನೀಲವ್ವನ ಶರಣು. ನಮ್ಮ ಬೇಸಿಗೆ ಹನ್ನೆರಡು ತಿಂಗಳಲ್ಲಿ ಹಿಡಿಸದೆ ಇನ್ನೊಂದು ತಿಂಗಳು ಸೇರಿಸಿಕೊಂಡಿದ್ದೇವೆ. ತಾರೀಖು ನೋಡಿ ಗಾಬರಿಯಾಗಬೇಡಿ. ನಿಮಗೆ ಗೊತ್ತಿಲ್ಲದ ಮಾತೂ ನಡುವೆ ಬಂದೀತು, ಹೊಟ್ಟೆಗೆ ಹಾಕಿಕೊಳ್ಳಿ.

ನೆಲ ಅಗೆದು ಹಳೆಯ ಕಾಲವನ್ನು ತಿಳಿಯುವವರಿಗೆ ಇಲ್ಲಿ ಮಣ್ಣೋದುಗರು ಎನ್ನುತ್ತಾರೆ. ಅವರಿಗೆ ಸಿಕ್ಕ ಮಡಕೆಚೂರು ತೊಳೆಯುವುದು ನನ್ನ ಕೆಲಸ. ಎಪ್ಪತ್ತು ವರ್ಷದ ಕೆಳಗೆ ಅವರಿಗೊಂದು ಒಡೆದ ಗ್ರಾನೈಟ್ ಕಲ್ಲು ಸಿಕ್ಕಿತ್ತು. ಅದರಲ್ಲಿ ಉಳಿದದ್ದು "...ಗಳನ್ನು ಹೊರಗೆ ಬಿಡಿ" ಎಂಬಷ್ಟೇ. ಮುರಿದ ಕಡೆ "ಅನ್ಯಕುಲ" ಎಂದು ಸೇರಿಸಿ ಓದಿದರು. ಪೂರ್ವಿಕರ ಆಜ್ಞೆ ಎಂದರು, ನಾಡಗೀತೆಗೂ ಹಾಕಿದರು. ಆಮೇಲೆ ಪದರಚೀಟಿ ಬಂತು. ಒಬ್ಬರ ರಕ್ತ ಇಲ್ಲಿನ ಹಳೆಯ ಮೂಳೆಗೆ ಹೊಂದಿದರೆ ಊರೊಳಗಿರಲು ಚೀಟಿ, ಇಲ್ಲದಿದ್ದರೆ ಊರ ಗೋಡೆಯಾಚೆ. ನನ್ನ ಅಳಿಯ ಕಡಲು ನುಂಗಿದ ಊರಿನವನು. ಮಗಳು ಚೀಟಿ ಬಿಸಾಕಿ ಅವನ ಜೊತೆ ಹೋದಳು. ಮೊಮ್ಮಗಳು ಹುಟ್ಟಿ ಐದು ತಿಂಗಳಾದರೂ ನಾನು ಅವಳನ್ನು ಗೋಡೆಯ ಕಿಂಡಿಯಲ್ಲಷ್ಟೇ ಕಂಡಿದ್ದೆ, ಒಮ್ಮೆಯೂ ಎತ್ತಿಕೊಂಡಿರಲಿಲ್ಲ.

ಹೋದ ವಾರ ಹಳೆಯ ಗುಡಿಯೊಂದರ ಮೆಟ್ಟಿಲ ಬುಡದಲ್ಲಿ ಕಲ್ಲಿನ ಇನ್ನರ್ಧ ಸಿಕ್ಕಿತು. ತೊಳೆದವಳು ನಾನೇ. ಬ್ರಷ್ಷಿನಡಿ ಒಂದೊಂದೇ ಅಕ್ಷರ ಎದ್ದು ಬಂತು: "ದಯವಿಟ್ಟು ಪಾದರಕ್ಷೆ". ಎರಡು ತುಂಡನ್ನೂ ಜೋಡಿಸಿದೆ, ಕೂದಲು ತೂರದ ಹಾಗೆ ಕೂತವು. ನಕ್ಕೆ, ಅತ್ತೆ, ಮತ್ತೆ ನಕ್ಕೆ. ಇಂದಿಗೂ ಮನೆಮನೆಯ ಬಾಗಿಲಲ್ಲಿ ಚಪ್ಪಲಿ ಬಿಟ್ಟೇ ಒಳಗೆ ಹೋಗುವ ಜನ ನಾವು, ಒಬ್ಬರಿಗಾದರೂ ಹೊಳೆಯಬಾರದೇ? ಹಿರಿಯ ಮಣ್ಣೋದುಗರಾದ ಗುರುಪಾದಯ್ಯನವರು ಕನ್ನಡಕ ಒರೆಸಿ ಒರೆಸಿ ಓದಿದರು. ಅದನ್ನು ಓದಿದವರು ನಾವಿಬ್ಬರೇ, ಬೇಕಿದ್ದರೆ ಮುಚ್ಚಿಡಬಹುದಿತ್ತು. ಅವರು ಮುಚ್ಚಿಡಲಿಲ್ಲ. ಊರ ಮುಂದೆ ನಿಂತು, ಚಪ್ಪಲಿಯ ಬದಲು ಮನುಷ್ಯರನ್ನು ಹೊರಗಿಟ್ಟುಬಿಟ್ಟೆವು, ತಪ್ಪಾಯಿತು ಎಂದು ಕೈಮುಗಿದರು. ಆ ವಿದ್ಯೆಯ ಮೇಲೆ ನನಗೆ ಮೊದಲ ಸಲ ಗೌರವ ಬಂದದ್ದು ಅಂದು.

ಈ ಕಾಗದವನ್ನು ಆ ಇನ್ನರ್ಧ ಸಿಕ್ಕ ಗುಂಡಿಯಲ್ಲೇ ಇಟ್ಟು ಮುಚ್ಚುತ್ತೇನೆ. ಕೆಳಗಿಳಿದಷ್ಟೂ ನಿಮ್ಮ ಕಾಲ ಹತ್ತಿರವಂತೆ. ನಿಮ್ಮಲ್ಲೂ ಅಗೆಯುವವರಿದ್ದಾರೆಂದು ಬಲ್ಲೆ. ಅರ್ಧ ಕಲ್ಲು ಸಿಕ್ಕರೆ ಇನ್ನರ್ಧವನ್ನು ಹುಡುಕಿ; ಸಿಗದಿದ್ದರೆ ಜಾಗ ಖಾಲಿ ಬಿಡಿ. ಮನಸ್ಸಿಗೆ ಬಂದದ್ದನ್ನು ತುಂಬಬೇಡಿ, ನಿಮ್ಮ ದಮ್ಮಯ್ಯ.

ಪದರಚೀಟಿ ರದ್ದಾಗಿ, ಇಂದು ಬೆಳಿಗ್ಗೆ ಇಡೀ ಕಲ್ಲನ್ನು ಊರಬಾಗಿಲಲ್ಲಿ ನೆಟ್ಟರು. ಗುರುಪಾದಯ್ಯನವರು, ನನ್ನ ಮಗಳು, ಅಳಿಯ, ಎಲ್ಲರೂ ಅಲ್ಲೇ ಚಪ್ಪಲಿ ಬಿಟ್ಟು ಒಳಗೆ ಬಂದರು. ನನ್ನ ಕಂಕುಳಲ್ಲಿದ್ದ ಮೊಮ್ಮಗಳಿಗೆ ಬಿಡುವುದಕ್ಕೆ ಏನೂ ಇರಲಿಲ್ಲ. ಬರಿಗಾಲು ಆಡಿಸುತ್ತ ಹಾಗೇ ಒಳಗೆ ಬಂದಳು.